ಬಲಭುಜದ ಹೂ

ಮಾರಮ್ಮನ ಬಲಭುಜದಿಂದ ಕಣಗಲೆ ಹೂ ಜಾರಿ ಬೀಳುತ್ತಿದ್ದಂತೆ ಪೂಜಾರಿ ಕೆಂಚಯ್ಯ ಗಂಟೆ ಬಾರಿಸಿದ. ಬಲಗಡೆಯ ಹೂ ಬಿದ್ದರೆ ಮಗಳು ಶಿವಲೀಲಾ ಊರ ಶಾಲೆಯ ಮೇಷ್ಟ್ರ ತಮ್ಮನನ್ನು ಮದುವೆಯಾಗಬೇಕು, ಎಡಗಡೆಯದು ಬಿದ್ದರೆ ಅಂತರಸಂತೆಯಲ್ಲಿ ಬಸ್ಸು ಹತ್ತಿ ಮೈಸೂರಿಗೆ ನರ್ಸಿಂಗ್ ಓದಲು ಹೋಗಬಹುದು ಎಂದು ಅವ್ವ ದೇವಿಯನ್ನು ಕೇಳಿಕೊಂಡಿದ್ದಳು.

“ಬ್ರಹ್ಮ ಮೊದ್ಲೇ ಬರ್ದಿದ್ದ ಕಣವ್ವ,” ಎಂದ ಕೆಂಚಯ್ಯ.

“ಯಾರೂ ಬರ್ದಿಲ್ಲ, ಬುಡಯ್ಯ,” ಎಂದು ನಕ್ಕರು, ದೇವರಿಲ್ಲ ಎನ್ನುತ್ತಲೇ ತಮ್ಮನಿಗೆ ಹೆಣ್ಣು ಕೇಳಲು ಬಂದಿದ್ದ ವಿಜ್ಞಾನದ ಮೇಷ್ಟ್ರು. “ಎರಡು ಹೂವು, ಅರ್ಧಕ್ಕರ್ಧ ಸಾಧ್ಯತೆ. ಬರೀ ಆಕಸ್ಮಿಕ.” ಆಮೇಲೆ ಶಿವಲೀಲಾಳತ್ತ ತಿರುಗಿದರು. “ಆದ್ರೂ ಬಿದ್ದದ್ದು ಬಿದ್ದಾಯ್ತಲ್ಲವ್ವ, ಒಪ್ಕೊಬುಡು.”

ಬ್ರಹ್ಮನೋ ಆಕಸ್ಮಿಕವೋ ಎಂದು ಇಬ್ಬರೂ ಕತ್ತಿನ ನರ ಉಬ್ಬಿಸಿಕೊಂಡು ವಾದಕ್ಕೆ ನಿಂತರು. ಮದುಮಗನ ವಿಷಯದಲ್ಲಿ ಮಾತ್ರ ಅವರಿಗೆ ತಕರಾರಿರಲಿಲ್ಲ. ಶಿವಲೀಲಾ ದೇವಿಯ ಎಡಭುಜವನ್ನೇ ನೋಡುತ್ತಿದ್ದಳು. ಬೆಳಿಗ್ಗೆ ಕೆಂಚಯ್ಯನಿಗೆ ಬಟ್ಟಲು ತುಂಬ ಗಂಧ ತೇದು ಕೊಟ್ಟವಳು ಅವಳೇ. ಆ ಗಂಧವಷ್ಟೂ ಎಡಗಡೆಯ ಹೂವಿನ ಕೆಳಗೆ ಹೆಬ್ಬೆರಳ ದಪ್ಪಕ್ಕೆ ಮೆತ್ತಿಕೊಂಡಿತ್ತು. ಬಲಭುಜದ ಕಲ್ಲಿನ ಮೇಲೆ ಬರೀ ನೀರಿನ ಪಸೆ. ಸಂಜೆಯವರೆಗೆ ಕಾದರೂ ಎಡಗಡೆಯ ಹೂ ಬೀಳುತ್ತಿರಲಿಲ್ಲ. ಕಣ್ಣಿಂದ ಕಂಡದ್ದನ್ನೇ ನಂಬಿ ಎಂದು ತರಗತಿಯಲ್ಲಿ ಮೇಜು ಕುಟ್ಟುವ ಮೇಷ್ಟ್ರಿಗೆ ಮೊಳದ ದೂರದಲ್ಲಿದ್ದ ಅಷ್ಟು ಗಂಧ ಕಂಡಿರಲಿಲ್ಲ. ಕಾಣುವ ಅಗತ್ಯವೂ ಅವರಿಗಿರಲಿಲ್ಲ.

ಕೆಂಚಯ್ಯ ಬಿದ್ದ ಹೂವನ್ನು ತಟ್ಟೆಯಲ್ಲಿಟ್ಟು ಅವಳ ಮುಂದೆ ಹಿಡಿದ. “ದೇವಿ ಕೊಟ್ಟವ್ಳೆ, ಮುಡ್ಕೊ ತಾಯಿ.”

ಅವ್ವ ಕಣ್ಣೊರೆಸಿಕೊಂಡು ಮಗಳ ಬೆನ್ನು ತಳ್ಳಿದಳು. ಮೇಷ್ಟ್ರು ಕೂಡ ತಟ್ಟೆಯತ್ತ ಕೈ ತೋರಿಸಿದರು.

“ಮುಡಿಯಾಕಿಲ್ಲ,” ಎಂದಳು ಶಿವಲೀಲಾ.