ಗಾಳಿಯ ಪಾಳಿ

ಹೊರಗಿನ ಗಾಳಿ ವಿಷವಾದ ಮೇಲೆ ಆ ಮನೆಯ ನಾಲ್ವರಿಗೆ ಸಿಗುತ್ತಿದ್ದುದು ಮೂವರಿಗಾಗುವಷ್ಟು ಗಾಳಿ. ಹಾಗಾಗಿ ದಿನಕ್ಕೊಬ್ಬರು ಕಬ್ಬಿಣದ ಗೂಡಿನೊಳಗೆ, ಸಿಕ್ಕಷ್ಟೇ ಗಾಳಿಯಲ್ಲಿ ಅಲುಗಾಡದೆ ಮಲಗಬೇಕಿತ್ತು. ಗೂಡಿನ ಒಳಗೆಲ್ಲ ಕತ್ತಲೆ, ಚಿಲಕ ಹೊರಗಡೆ. ಮಾತಿಗೂ ಉಸಿರಿಗೂ ಇದ್ದುದು ಒಂದೇ ಸಣ್ಣ ಕಿಂಡಿ.

ಅಂದು ನಾದಿನಿ ಚಿತ್ಕಲಾ ಹೊರಬಂದು ಮಂದಾಕಿನಿ ಒಳಹೋಗಬೇಕಾದ ಬೆಳಗು.

"ಅತ್ತಿಗೆ, ಬೆಳಗಾಯ್ತಾ?" ಕಿಂಡಿಯಿಂದ ಚಿತ್ಕಲಾ ಕೇಳಿದಳು.

ಚಿಲಕದ ಮೇಲಿದ್ದ ಮಂದಾಕಿನಿಯ ಕೈ ನಿಂತುಬಿಟ್ಟಿತು. ಹೋದ ಸಲ ಆ ಕತ್ತಲಲ್ಲಿ ಅವಳಿಗೆ ತನ್ನ ಹೆಸರೇ ಮರೆತುಹೋಗಿತ್ತು.

"ಇನ್ನೂ ಇಲ್ಲ ಕಣೇ, ಮಲಕ್ಕೋ" ಎಂದುಬಿಟ್ಟಳು.

ಉಪ್ಪಿಟ್ಟು ತಿನ್ನುತ್ತಿದ್ದ ಗಂಡ ತಲೆಯೆತ್ತಲಿಲ್ಲ.

"ಸುಳ್ಳು! ಒಗ್ಗರಣೆ ವಾಸನೆ ಬರ್ತಿದೆ!" ಚಿತ್ಕಲಾ ಚೀರಿದಳು. "ಅಮ್ಮಾ, ನೀನಾದ್ರೂ ಹೇಳೇ!"

ಅತ್ತೆ ಒಲೆ ಬಿಟ್ಟು ಎದ್ದು ಬಂದರು. ಇನ್ನು ತನ್ನ ಕತೆ ಮುಗಿಯಿತೆಂದು ಮಂದಾಕಿನಿ ಕಣ್ಣು ಮುಚ್ಚಿಕೊಂಡಳು. ಅತ್ತೆ ಕಿಂಡಿಗೆ ಬಟ್ಟೆ ತುರುಕಿದರು.

"ನಾಳೆ ನನ್ನ ಪಾಳಿ" ಎಂದರು ಮೆಲ್ಲಗೆ. "ನನ್ನಿಂದಾಗಲ್ಲ ಕಣಮ್ಮ. ಇವಳೇ ಇರ್ಲಿ."

ಒಳಗಿನ ಬಡಿತ ಮಧ್ಯಾಹ್ನದವರೆಗೂ ಕೇಳಿಸಿತು. ಅದು ನಿಂತಾಗ ಮೂವರೂ ಎದೆತುಂಬ ಉಸಿರೆಳೆದುಕೊಂಡರು.