ತಂಗಳು

“ಫ್ರಿಜ್ಜಿನಾಗೆ ಇಟ್ಟಿದ್ದು ತಂಗಳೇ ಅಲ್ವೇನೇ? ನನ್ ತಮ್ಮಂಗೆ ದಿನಾ ಇದೇನಾ ಆಕೋದು?” ಎನ್ನುತ್ತ, ಕ್ಯಾಸಂಬಳ್ಳಿಯಿಂದ ಬಂದಿದ್ದ ಗಂಡನ ಅಕ್ಕ ಅಂಜನಮ್ಮ ಬಡಿಸಿದ ತಟ್ಟೆಯನ್ನು ಮುಂದಕ್ಕೆ ತಳ್ಳಿದಳು. ಸೌಟು ಹಿಡಿದು ನಿಂತಿದ್ದ ಕಾಂತಮ್ಮನಿಗೆ ಮೈಯೆಲ್ಲ ಉರಿದುಹೋಯಿತು.

ಭಾನುವಾರ ಬೇಳೆ ನೆನೆಸಿ, ತರಿತರಿಯಾಗಿ ರುಬ್ಬಿ, ಸಬ್ಬಸಿಗೆ ಸೊಪ್ಪು ಬೆರೆಸಿ, ಬೇಯಿಸಿ ಫ್ರೀಜರಿನಲ್ಲಿಟ್ಟಿದ್ದ ನುಚ್ಚಿನುಂಡೆ ಅದು. ಇವತ್ತು ಕಾರ್ಖಾನೆಯಿಂದ ಬಂದವಳೇ, ಸೀರೆಯನ್ನೂ ಬದಲಿಸದೆ, ಕಲ್ಲಿನಂತಿದ್ದ ಉಂಡೆಗಳನ್ನು ಹಬೆಯಲ್ಲಿ ಮೆತ್ತಗೆ ಮಾಡಿ, ಕಾಯಿ ರುಬ್ಬಿ ಹಾಕಿದ ಗಟ್ಟಿ ಮಜ್ಜಿಗೆಹುಳಿಗೆ ಬಿಟ್ಟಿದ್ದಳು. ಫ್ರಿಜ್ಜು ತಂದಾಗ ತಾವಿದ್ದ ಊರಿಗಾಂ ತುಂಬ ಹೇಳಿಕೊಂಡು ತಿರುಗಿದ್ದ ಗಂಡ ಸೀನಪ್ಪ ಈಗ ತಲೆಯೆತ್ತಲಿಲ್ಲ. ಬಾಯಿ ತುಂಬ ಅದೇ ಉಂಡೆಯಿತ್ತಲ್ಲ!

“ಬೆಳಗ್ಗೆ ನೀವು ರಾತ್ರಿ ಮಿಕ್ಕಿದ್ದ ಮುದ್ದೇನ ಮಜ್ಜಿಗೇಲಿ ಕಿವುಚಿ ಕುಡಿದ್ರಲ್ಲ ಅಕ್ಕಾ, ಜೀವ ತಂಪಾಯ್ತು ಅಂದ್ರಲ್ಲ, ಅದು ತಂಗಳಲ್ವಾ?” ಕಾಂತಮ್ಮ ಸೌಟನ್ನು ಪಾತ್ರೆಗೆ ಕುಕ್ಕಿದಳು.

“ಅದು ಮುದ್ದೆ ಕಣೇ. ಅದ್ರ ಮಾತೇ ಬೇರೆ.”

ಗೋಡೆಗೊರಗಿ ಉಣ್ಣುತ್ತಿದ್ದ ಅತ್ತೆ ಚಿಕ್ಕವೆಂಕಟಮ್ಮ ಸೊಸೆಯ ಅಡುಗೆಯನ್ನು ಎಂದೂ ಹೊಗಳಿದವರಲ್ಲ. ಅವರು ಬಾಗಿ, ಮಗಳು ತಳ್ಳಿದ ತಟ್ಟೆಯನ್ನು ತಮ್ಮ ಕಡೆಗೆ ಎಳೆದುಕೊಂಡರು.

“ನೀನು ನನ್ ಒಟ್ಟೇಲಿದ್ದಾಗ ನಾ ತಿಂದಿದ್ದೆಲ್ಲ ತಂಗಳೇ ಕಣೇ ಅಂಜನಾ. ನಿಂಗೇನಾಗೈತೆ? ಗುಂಡುಕಲ್ಲಂಗಿದ್ದೀಯ!” ಎಂದವರೇ ಉಂಡೆ ಮುರಿದು ಬಾಯಿಗಿಟ್ಟುಕೊಂಡರು. “ಕಾಂತಾ, ಇನ್ನೊಂದ್ ಸೌಟು ಬಿಡವ್ವ.”