ಬಣ್ಣ ಕಾಣದ ಕ್ಯಾಮೆರಾ

"ಅಂಕಲ್, ನೀವು ರಾಕ್ಷಸ ಅಂಕಲ್! ಸೀಮೆಎಣ್ಣೆ ಕ್ಯೂನಲ್ಲಿ ಕ್ಯಾನ್ ಹಿಡ್ಕೊಂಡು ಬರೋರ ಥರ ನಡೀತಿದ್ದೀರಲ್ಲ!" ಆಟಕ್ಕೆ ಚಿತ್ರ ಬಿಡಿಸುವ ನಾಜಿಶ್ ಹಣೆ ಚಚ್ಚಿಕೊಂಡಳು.

ಇಂದಿರಾನಗರದ ಆ ಸ್ಟುಡಿಯೋದವರಿಗೆ ಕಂಪ್ಯೂಟರ್ ಆಟಕ್ಕೆ ಒಬ್ಬ ರಾಕ್ಷಸ ಬೇಕಾಗಿದ್ದ. ಲಕ್ಷ್ಮಿಕಾಂತನಿಗೆ ಮೈಗಂಟುವ ಕಪ್ಪು ಬಟ್ಟೆ ತೊಡಿಸಿ, ಅದರ ತುಂಬ ನೆಲ್ಲಿಕಾಯಿ ಗಾತ್ರದ ಬಿಳಿ ಗುಂಡು ಅಂಟಿಸಿದ್ದರು. ಸುತ್ತಲಿನ ಕ್ಯಾಮೆರಾಗಳಿಗೆ ಆ ಗುಂಡುಗಳಷ್ಟೇ ಕಾಣುವುದು. ಇವನು ಕೈ ಎತ್ತಿದರೆ ಪರದೆಯ ಮೇಲಿನ ಕೊಂಬಿನ ರಾಕ್ಷಸ ಕೈ ಎತ್ತುತ್ತಾನೆ. ಕಲಬುರಗಿ ಕಡೆಯ ನಾಟಕ ಕಂಪನಿಯಲ್ಲಿ ಇಪ್ಪತ್ತೆರಡು ವರ್ಷ ರಾಕ್ಷಸನಾಗಿ ಅಬ್ಬರಿಸಿದವನಿಗೆ ಇದೇನು ಮಹಾ ಅನ್ನಬೇಡಿ. ಪರದೆಯ ಮೇಲೆ ರಾಕ್ಷಸ ಕೊಂಬು ಹೊತ್ತುಕೊಂಡೇ ನಾಚುತ್ತಿದ್ದ.

ಫೋನು ಬಂತು. ಮೇಲಿನ ಮಹಡಿಯಲ್ಲಿ ಪರದೆಯ ರಾಕ್ಷಸನನ್ನಷ್ಟೇ ನೋಡುತ್ತ ಕೂತಿದ್ದ ಯಜಮಾನ ಅಕ್ತರ್. ನಾಜಿಶ್ ಸ್ಪೀಕರ್ ಒತ್ತಿದಳು.

"ಇನ್ನೊಂದೇ ಟೇಕ್. ಆಗ್ಲಿಲ್ಲ ಅಂದ್ರೆ ಆ ಕಮ್ಮನಹಳ್ಳಿ ಡ್ಯಾನ್ಸರ್‌ನ ಕರೆಸು."

ಲಕ್ಷ್ಮಿಕಾಂತ ಮನಸ್ಸಿನಲ್ಲೇ ಲೆಕ್ಕ ಹಾಕಿದ. ನಾಟಕ ಕಂಪನಿ ಮುಚ್ಚಿ ವರ್ಷವಾಗಿತ್ತು. ಇದೂ ಕೈಬಿಟ್ಟರೆ ಸೋಮವಾರದಿಂದ ಮಾರತ್ತಹಳ್ಳಿಯಲ್ಲಿ ವಾಚ್‌ಮನ್ ಕೆಲಸ. ಹೋಗಿ ಬರುವ ಕಾರಿಗೆಲ್ಲ ರಾಕ್ಷಸರಾಜ ಸಲಾಂ ಹೊಡೆಯಬೇಕು.

"ಮೇಡಂ, ಹತ್ತು ಮಿನಿಟು ಕೊಡ್ರಿ. ಬಣ್ಣ ಹಚ್ಕೊಂಡು ಬರ್ತೀನಿ."

"ಅರೆ, ನಿಮ್ಮ ಮುಖ ಈ ಕ್ಯಾಮೆರಾಗೆ ಕಾಣೋದೇ ಇಲ್ಲ! ಬಣ್ಣ ಯಾರಿಗೆ?"

"ನನಗ್ರೀ."

ಚೀಲದಲ್ಲಿದ್ದ ಬಣ್ಣದ ಪೆಟ್ಟಿಗೆ ಹಿಡಿದು ಬಾತ್‌ರೂಮಿಗೆ ನುಗ್ಗಿದ. ಹೊರಬಂದಾಗ ಕೆನ್ನೆ ಕೆಂಪು, ಹುಬ್ಬು ಹಣೆಗೇರಿತ್ತು, ಅಂಟಿಸಿಕೊಂಡ ಮೀಸೆಯಂತೂ ಕಿವಿಯವರೆಗೆ. "ಯಾ ಅಲ್ಲಾ!" ನಾಜಿಶ್ ದುಪಟ್ಟಾದಿಂದ ಬಾಯಿ ಮುಚ್ಚಿಕೊಂಡು ನಕ್ಕಳು. ಅವನು ಅತ್ತ ನೋಡಲೇ ಇಲ್ಲ.

ಒಂದು ಹೆಜ್ಜೆ ಇಟ್ಟ. "ಎಲವೋ!" ಎಂದ. ಕಿಟಕಿಯ ಗಾಜು ಗುಂಯ್‌ಗುಟ್ಟಿತು. ಪರದೆಯ ಮೇಲಿನ ರಾಕ್ಷಸ ಎದೆ ಸೆಟೆಸಿಕೊಂಡು ನೇರ ನಾಜಿಶ್ ಕಡೆಗೇ ಬಂದ. ಅವಳೇ ಬಿಡಿಸಿದ ಕೊಂಬು, ಅವಳೇ ಬಿಡಿಸಿದ ಹಲ್ಲು. ಆದರೂ ಅವಳು ಕುರ್ಚಿ ಹಿಂದಕ್ಕೆ ತಳ್ಳಿಕೊಂಡಳು.

ಮತ್ತೆ ಫೋನು. "ಶಭಾಷ್! ಯಾರಿವ್ನು? ಇಷ್ಟೊತ್ತು ಎಲ್ಲಿ ಬಚ್ಚಿಟ್ಟಿದ್ದೆ? ಕೆಲಸ ಇವ್ನಿಗೇ. ಆ ಮೊದಲಿನವ್ನನ್ನ ಮನೆಗೆ ಕಳಿಸ್ಬಿಡು."

ನಾಜಿಶ್ ಮೆಲ್ಲಗೆ ತಿರುಗಿ ನೋಡಿದಳು. ಖುಷಿಗೆ ಲಕ್ಷ್ಮಿಕಾಂತನ ಕಣ್ಣು ತುಂಬಿ, ಕಾಡಿಗೆ ಕೆನ್ನೆಗಿಳಿಯುತ್ತಿತ್ತು.

"ಹೌದ್ರಿ ಮೇಡಂ, ಮನಿಗೆ ಅವನ್ನೇ ಕಳಿಸ್ರಿ," ಎಂದ, ಮೀಸೆ ಕಿತ್ತು ಪೆಟ್ಟಿಗೆಯೊಳಗಿಡುತ್ತ. "ನಮ್ಮ ಮನಿಯಾಕಿ ಬಾಗಲಾ ತೆಗಿಯೂದು ಅವಗ ಅಷ್ಟೇ."